ಅಜ್ಜಿಯರ ಕೈಗೆ ಕೊಟ್ಟ ಶಿಶುಶಾಲೆ: ನ್ಯೂಜಿಲೆಂಡಿನ ಕೋಹಂಗ ರೆಯೊ, ಒಂದು ಪ್ರಕರಣ ಅಧ್ಯಯನ

1970ರ ದಶಕದಲ್ಲಿ ಭಾಷಾವಿಜ್ಞಾನಿ ರಿಚರ್ಡ್ ಬೆಂಟನ್ ಅವರ ತಂಡ ನ್ಯೂಜಿಲೆಂಡಿನ ಉತ್ತರ ದ್ವೀಪದಲ್ಲಿ ಊರೂರು ತಿರುಗಿ ಅಲ್ಲಿನ ಮೂಲನಿವಾಸಿಗಳಾದ ಮಾವೊರಿ ಜನರ ಕುಟುಂಬಗಳನ್ನು ಮಾತಾಡಿಸಿತು. ಮನೆಯಲ್ಲಿ ಯಾರು ಯಾರ ಜೊತೆ ಯಾವ ಭಾಷೆ ಆಡುತ್ತೀರಿ ಅನ್ನುವುದು ಮುಖ್ಯ ಪ್ರಶ್ನೆ. ಸರಾಗವಾಗಿ ಮಾವೊರಿ ಆಡಬಲ್ಲವರಲ್ಲಿ ಹೆಚ್ಚಿನವರು ನಡುವಯಸ್ಸು ದಾಟಿದವರು ಎಂದು ಗೊತ್ತಾಯಿತು. ಮಕ್ಕಳು ಆಟಕ್ಕೂ ಜಗಳಕ್ಕೂ ಮಾವೊರಿಯನ್ನೇ ಬಳಸುವ ಊರುಗಳು ಬೆರಳೆಣಿಕೆಯಷ್ಟು ಉಳಿದಿದ್ದವು. 1913ರಲ್ಲಿ ಶಾಲೆಗೆ ಬರುತ್ತಿದ್ದ ಮಾವೊರಿ ಮಕ್ಕಳಲ್ಲಿ ನೂರಕ್ಕೆ 90 ಮಂದಿಗೆ ಆ ಭಾಷೆ ಬರುತ್ತಿತ್ತು. 1975ರ ಹೊತ್ತಿಗೆ ಅದು ನೂರಕ್ಕೆ 5ಕ್ಕಿಂತ ಕೆಳಗಿಳಿದಿತ್ತು.

ಈ ಸ್ಥಿತಿಯಲ್ಲಿ ಹುಟ್ಟಿದ್ದು ಕೋಹಂಗ ರೆಯೊ, ಅಂದರೆ ಮಾತಿನ ಗೂಡು. ಹಸುಗೂಸಿನಿಂದ ಹಿಡಿದು ಶಾಲೆ ಸೇರುವ ವಯಸ್ಸಿನವರೆಗಿನ ಮಕ್ಕಳನ್ನು ದಿನವಿಡೀ ಮಾವೊರಿ ಮಾತಿನಲ್ಲೇ ಬೆಳೆಸುವ ಶಿಶುಶಾಲೆ ಇದು. ಮನೆಮಾತು ಮತ್ತು ಶಿಶುಶಿಕ್ಷಣ ಎಂಬ ವಿಷಯ ಎಲ್ಲಿ ಬಂದರೂ ಇದರ ಹೆಸರು ಬರುತ್ತದೆ, ಹೆಚ್ಚಾಗಿ ಗೆದ್ದ ಕಥೆಯಾಗಿ. ಅರ್ಧ ಕಥೆ ಅದು. ಮೊದಲ ಹನ್ನೆರಡು ವರ್ಷ ಇದು ಏರಿದ್ದಕ್ಕೂ, ಆಮೇಲಿನ ಇಪ್ಪತ್ತು ವರ್ಷ ಇಳಿದಿದ್ದಕ್ಕೂ ಕಾರಣ ಒಂದೇ ಕಡೆ ಸಿಗುತ್ತದೆ ಎಂಬುದು ನನ್ನ ಓದು. ಮಕ್ಕಳಿರುವ ಕೋಣೆಯಲ್ಲಿ ಕೂತಿರುವ ದೊಡ್ಡವರು ಯಾರು, ಅವರ ಮಾತಿಗೆ ಬೆಲೆ ಕಟ್ಟುವವರು ಯಾರು ಎಂಬಲ್ಲಿ.

ಮನೆಯಿಂದ ಮಾತು ಹೋದ ಬಗೆ

1867ರಲ್ಲಿ ನ್ಯೂಜಿಲೆಂಡ್ ಸರಕಾರ ನೇಟಿವ್ ಸ್ಕೂಲ್ಸ್ ಕಾಯ್ದೆ ತಂದಿತು. ಊರಿನವರು ಜಾಗ ಕೊಟ್ಟರೆ ಸರಕಾರ ಶಾಲೆ ಕೊಡುತ್ತದೆ, ಪಾಠ ಇಂಗ್ಲಿಷಿನಲ್ಲಿ. ಮೊದಮೊದಲು ಮಾವೊರಿಯ ನೆರವು ಪಡೆದು ಪಾಠ ಹೇಳುವ ಮೇಷ್ಟರುಗಳೂ ಇದ್ದರು. ಇಪ್ಪತ್ತನೇ ಶತಮಾನ ಬಂದಂತೆ ಆ ಸಡಿಲಿಕೆ ಹೋಯಿತು, ಶಾಲೆಯ ಆವರಣದಲ್ಲಿ ಮಾವೊರಿ ಆಡಿದರೆ ಪೆಟ್ಟು ಬೀಳುವಂತಾಯಿತು.

ಆ ಪೆಟ್ಟಿನ ಒಂದು ಸಾಕ್ಷ್ಯ ಸರಕಾರಿ ದಾಖಲೆಯಲ್ಲೇ ಉಳಿದಿದೆ. ವೈತಂಗಿ ಟ್ರಿಬ್ಯೂನಲ್ ಅಂದರೆ 1840ರಲ್ಲಿ ಬ್ರಿಟಿಷ್ ರಾಣಿಗೂ ಮಾವೊರಿ ನಾಯಕರಿಗೂ ಆದ ಒಪ್ಪಂದ ಎಲ್ಲಿ ಮುರಿದಿದೆ ಎಂದು ವಿಚಾರಿಸುವ ಆಯೋಗ. 1980ರ ದಶಕದ ನಡುವಿನಲ್ಲಿ ಅದು ಮಾವೊರಿ ಭಾಷೆಯ ಅಹವಾಲು ಕೇಳಿದಾಗ ಸರ್ ಜೇಮ್ಸ್ ಹೆನಾರೆ ಮುಂದೆ ಬಂದು ಹೇಳಿಕೆ ಕೊಟ್ಟರು. ಎರಡನೆಯ ಮಹಾಯುದ್ಧದಲ್ಲಿ ಮಾವೊರಿ ಬೆಟಾಲಿಯನ್ನಿನ ನಾಯಕತ್ವ ವಹಿಸಿದ್ದ ಹಿರಿಯರು ಅವರು. ಹುಡುಗನಾಗಿದ್ದಾಗ ಶಾಲೆಯ ಅಂಗಳದಲ್ಲಿ ತನ್ನ ಭಾಷೆ ಆಡಿದ್ದಕ್ಕೆ ಅವರನ್ನು ಕಾಡಿಗೆ ಕಳಿಸಿ 'ಪಿರಿತ' ಎಂಬ ಬಳ್ಳಿಯ ತುಂಡನ್ನು ಕಡಿದು ತರಿಸಿದರಂತೆ. ಹೊಡೆತ ಬಿದ್ದದ್ದು ಅದರಿಂದಲೇ. ಹೊಟ್ಟೆಪಾಡು ನಡೆಯಬೇಕಾದರೆ ಇಂಗ್ಲಿಷ್ ಆಡಬೇಕು ಎಂದು ಮೇಷ್ಟರೊಬ್ಬರು ಬುದ್ಧಿ ಹೇಳಿದ್ದೂ ಆ ಹೇಳಿಕೆಯಲ್ಲಿದೆ.

ಹಾಗೆ ಪೆಟ್ಟು ತಿಂದವರು ಅಪ್ಪ ಅಮ್ಮ ಆದರು. ನಮಗಾದದ್ದು ಮಕ್ಕಳಿಗೆ ಬೇಡ ಎಂದು ಮನೆಯಲ್ಲೂ ಇಂಗ್ಲಿಷ್ ಹಿಡಿದರು. ಕರ್ನಾಟಕದ ಓದುಗರಿಗೆ ಈ ಭಾಗವನ್ನು ಬಿಡಿಸಿ ಹೇಳಬೇಕಾಗಿಲ್ಲ.

ಆದರೂ ಊರು ಇರುವವರೆಗೆ ಮಾತಿಗೆ ಒಂದು ಆಸರೆ ಇತ್ತು. ಶಾಲೆಯಲ್ಲಿ ಇಂಗ್ಲಿಷ್ ಕಲಿತರೂ ಮನೆಗೆ ಬಂದರೆ ಅಜ್ಜ ಅಜ್ಜಿ ಇದ್ದರು, 'ಮರಯ್' ಎಂಬ ಊರೊಟ್ಟಿನ ಮನೆ ಇತ್ತು, ಸಾವು ಮದುವೆಗಳ ಮಾತು ಅಲ್ಲಿ ಮಾವೊರಿಯಲ್ಲೇ ನಡೆಯುತ್ತಿತ್ತು. ಯುದ್ಧದ ನಂತರ ಕೆಲಸಕ್ಕೆಂದು ಜನ ಪೇಟೆಗೆ ಹೋದರು. ಯುದ್ಧದ ಹೊತ್ತಿಗೆ ಮಾವೊರಿಗಳಲ್ಲಿ ಮುಕ್ಕಾಲು ಪಾಲು ಹಳ್ಳಿಗಾಡಿನಲ್ಲಿದ್ದರು. ಮೂವತ್ತು ವರ್ಷದಲ್ಲಿ ಲೆಕ್ಕ ತಿರುವುಮುರುವಾಗಿ ಮುಕ್ಕಾಲು ಪಾಲು ಪೇಟೆಯಲ್ಲಿದ್ದರು. ಸರಕಾರಿ ಮನೆಗಳನ್ನು ಹಂಚುವಾಗ ಮಾವೊರಿ ಕುಟುಂಬಗಳು ಒಂದೇ ಬೀದಿಯಲ್ಲಿ ಗುಂಪಾಗದಂತೆ ಬಿಳಿಯರ ಮನೆಗಳ ನಡುವೆ ಒಂದೊಂದಾಗಿ ಚದುರಿಸಲಾಯಿತು. ಈ ಕ್ರಮಕ್ಕೆ 'ಪೆಪ್ಪರ್ ಪಾಟಿಂಗ್' ಎಂಬ ಹೆಸರೇ ಇತ್ತು. ಅಜ್ಜಿ ಊರಲ್ಲಿ ಉಳಿದಳು, ಮೊಮ್ಮಗು ಇಂಗ್ಲಿಷ್ ಮಾತ್ರ ಕೇಳಿಸುವ ಬೀದಿಯಲ್ಲಿ ಬೆಳೆಯಿತು. ನನ್ನ ಪ್ರಕಾರ ಬೆತ್ತಕ್ಕಿಂತ ಹೆಚ್ಚು ಕೆಡಿಸಿದ್ದು ಈ ಹಂಚಿಕೆ.

1972ರ ಸೆಪ್ಟೆಂಬರ್ 14ರಂದು 'ಙಾ ತಮತೋವ' ಎಂಬ ಯುವಕರ ಗುಂಪು ಮತ್ತು ಅವರ ಜೊತೆಯವರು 30,000ಕ್ಕೂ ಹೆಚ್ಚು ಸಹಿ ಇದ್ದ ಮನವಿಯನ್ನು ಸಂಸತ್ತಿಗೆ ಒಯ್ದರು. ಶಾಲೆಗಳಲ್ಲಿ ಮಾವೊರಿ ಕಲಿಸಿ ಎಂಬುದು ಬೇಡಿಕೆ. ಕಲಿಸುವುದು ಶುರುವಾಯಿತು, ಐಚ್ಛಿಕ ವಿಷಯವಾಗಿ. ವಾರಕ್ಕೆ ಕೆಲವು ಪೀರಿಯಡ್ ಕಲಿಸಿದರೆ ಪರೀಕ್ಷೆಗೆ ಕೂರುವವರು ಸಿಗುತ್ತಾರೆ. ತಮ್ಮನನ್ನು ಆ ಭಾಷೆಯಲ್ಲಿ ಗದರಿಸುವ ಅಕ್ಕ ಸಿಗುವುದಿಲ್ಲ.

1982, ವೈನುಯೊಮಾತ

1970ರ ದಶಕ ಮುಗಿಯುವ ಹೊತ್ತಿಗೆ ಮಾವೊರಿ ವ್ಯವಹಾರಗಳ ಇಲಾಖೆಯ ಕಾರ್ಯದರ್ಶಿಯಾಗಿದ್ದವರು ಕಾರಾ ಪುಕೆತಪು. ಇಲಾಖೆ ಬುಡಕಟ್ಟುಗಳ ಹಿರಿಯರನ್ನು ಸೇರಿಸಿ ಸಭೆಗಳನ್ನು ಕರೆಯಿತು. ಹಿರಿಯರು ಕೊಟ್ಟ ಉತ್ತರ ನೇರ: ಭಾಷೆಯ ಹೊಣೆಯನ್ನು ಇನ್ನು ಯಾರ ಕೈಗೂ ಬಿಡಬಾರದು, ನಾವೇ ಹೊರಬೇಕು, ಶಾಲೆಗೆ ಹೋದ ಮೇಲಲ್ಲ, ಹುಟ್ಟಿದ ಮಗುವಿನಿಂದಲೇ ಹಿಡಿಯಬೇಕು. 1982ರ ಏಪ್ರಿಲ್‌ನಲ್ಲಿ ರಾಜಧಾನಿ ವೆಲಿಂಗ್ಟನ್ ಸಮೀಪದ ವೈನುಯೊಮಾತ ಎಂಬ ಬಡಾವಣೆಯಲ್ಲಿ, ಪುಕೆಯಾತುವ ಎಂಬಲ್ಲಿ ಮೊದಲ ಗೂಡು ತೆರೆಯಿತು. ಜೀನ್ ಪುಕೆತಪು ಅದನ್ನು ಕಟ್ಟಿದವರಲ್ಲಿ ಒಬ್ಬರು. ಇಡೀ ದೇಶದಲ್ಲಿ ಈ ಕೆಲಸ ನೋಡಿಕೊಳ್ಳಲು ಒಂದು ರಾಷ್ಟ್ರೀಯ ಟ್ರಸ್ಟ್ ಹುಟ್ಟಿತು. ಇರಿತಾನ ತಾಫಿಫಿರಂಗಿ ಅದರ ಮೊದಲ ಮುಖ್ಯ ನಿರ್ವಾಹಕಿ.

ಗೂಡುಗಳು ತೆರೆದದ್ದು ಮರಯ್‌ಗಳಲ್ಲಿ, ಚರ್ಚಿನ ಹಾಲ್‌ಗಳಲ್ಲಿ, ಯಾರದೋ ಮನೆಯಲ್ಲಿ. ನಿಯಮಗಳು ಕೆಲವೇ. ಬಾಗಿಲೊಳಗೆ ಮಾವೊರಿ ಮಾತ್ರ. ನಡೆಸುವುದು 'ಫಾನೌ', ಅಂದರೆ ಮಕ್ಕಳ ಕುಟುಂಬಗಳೇ ಸೇರಿದ ಕೂಟ. ಹಣದ ಲೆಕ್ಕದಿಂದ ನೆಲ ಒರೆಸುವವರೆಗೆ ಅವರದೇ ಹೊಣೆ. ಮಗುವನ್ನು ಬಾಗಿಲಲ್ಲಿ ಬಿಟ್ಟು ಹೋಗುವ ಅಪ್ಪ ಅಮ್ಮಂದಿರಿಗೆ ಅಲ್ಲಿ ಜಾಗವಿರಲಿಲ್ಲ.

ಕಲಿಸುವವರು ಯಾರು? ತರಬೇತಿ ಪಡೆದ ಶಿಕ್ಷಕಿಯರಲ್ಲಿ ಆ ಭಾಷೆ ಬರುವವರು ತೀರಾ ಕಡಿಮೆ. ಆದ್ದರಿಂದ ಭಾಷೆ ಬರುವವರನ್ನೇ ತಂದು ಕೂರಿಸಿದರು, ಅಂದರೆ ಅಜ್ಜಿಯರನ್ನು. ಅನೇಕರಿಗೆ ಶಿಶುಶಿಕ್ಷಣದ ಕಾಗದಪತ್ರ ಒಂದೂ ಇರಲಿಲ್ಲ. ಮಕ್ಕಳನ್ನು ಸಾಕಿ, ಮೊಮ್ಮಕ್ಕಳನ್ನು ಎತ್ತಿ ಆಡಿಸಿದ್ದೇ ಅವರ ವಿದ್ಯೆ.

ಅಲ್ಲಿನ ಬೆಳಗು ಹೀಗಿರುತ್ತದೆ. ಮೊದಲು ಪ್ರಾರ್ಥನೆ, ಹಾಡು. ಆಮೇಲೆ ಮಕ್ಕಳು ಒಬ್ಬೊಬ್ಬರಾಗಿ ಎದ್ದು ತಮ್ಮ ಪರಿಚಯ ಹೇಳುತ್ತಾರೆ. ಇದಕ್ಕೆ 'ಪೆಪೆಹ' ಎನ್ನುತ್ತಾರೆ. ಇದು ನನ್ನ ಬೆಟ್ಟ, ಇದು ನನ್ನ ಹೊಳೆ, ನನ್ನ ಹಿರಿಯರು ಬಂದ ದೋಣಿ ಇದು, ನನ್ನ ಕುಲ ಇದು, ನನ್ನ ಹೆಸರು ಇದು. ಹೆಸರು ಬರುವುದು ಕೊನೆಗೆ. ನಮ್ಮ ಕಡೆ ಜಗಲಿಯಲ್ಲಿ ಕೂತ ಅಜ್ಜ ಬಂದವನ ಹೆಸರಿಗಿಂತ ಮೊದಲು 'ಯಾವ ಊರು, ಯಾರ ಮಗ' ಎಂದು ಕೇಳುವ ಹಾಗೆ. ಮೂರು ವರ್ಷದ ಮಗು ನಡುವೆ ತಡವರಿಸಿದರೆ ಅಜ್ಜಿ ಮುಂದಿನ ಪದವನ್ನು ಹೇಳಿಕೊಡುತ್ತಾಳೆ, ಮಗು ಹಿಡಿದುಕೊಂಡು ಮುಂದೆ ಹೋಗುತ್ತದೆ.

ಕೈ ತೊಳೆಯುವಾಗ, ಊಟಕ್ಕೆ ಕೂರುವಾಗ, ಚಪ್ಪಲಿ ಬಿಡುವಾಗ ಅದದೇ ಮಾತು ದಿನಾ ಬರುತ್ತದೆ. 'ಏ ನೊಹೊ' ಅಂದರೆ ಕೂತುಕೋ, 'ಏ ತೂ' ಅಂದರೆ ಎದ್ದೇಳು, 'ಹಯರೆ ಮಯ್' ಅಂದರೆ ಬಾ ಇಲ್ಲಿ. ಅರ್ಥವಾಗದಿದ್ದರೆ ಇಂಗ್ಲಿಷಿಗೆ ಹೊರಳುವ ಪದ್ಧತಿಯಿಲ್ಲ. ಕೈ ಹಿಡಿದು ಕೂರಿಸಿದರೆ ಆಯಿತು, ತಟ್ಟೆ ಮುಂದಿಟ್ಟರೆ ಆಯಿತು. ಎಲ್ಲ ಅಜ್ಜಿಯರೂ ಎಲ್ಲ ಕಾಲದಲ್ಲೂ ಮಾಡಿದ್ದೇ ಇದು. ಇದನ್ನು ಒಂದು ಬೋಧನಾ ಪದ್ಧತಿ ಎಂದು ಒಪ್ಪಿಕೊಳ್ಳಲು ವಿದ್ವಾಂಸರಿಗೆ ತಡವಾಯಿತು, ಅಷ್ಟೆ.

ಅಪ್ಪ ಅಮ್ಮಂದಿರದು ಬೇರೆ ಪಾಡು. ಅವರಲ್ಲಿ ಬಹುಪಾಲು ಜನರಿಗೆ ಭಾಷೆ ಬರುತ್ತಿರಲಿಲ್ಲ, ಒಳಗೆ ಇಂಗ್ಲಿಷ್ ಆಡುವ ಹಾಗಿಲ್ಲ. ಪಾತ್ರೆ ತೊಳೆಯುತ್ತ ಸುಮ್ಮನೆ ಕೇಳಿಸಿಕೊಳ್ಳುವುದೇ ಅವರ ಮೊದಲ ಪಾಠ. ದೊಡ್ಡವರಿಗೆಂದು 1979ರಲ್ಲಿ ಕತರೀನಾ ಮತಾಯಿರಾ ಮತ್ತು ಙೋಯಿ ಪೆಫಯಿರಂಗಿ ಶುರುಮಾಡಿದ್ದ 'ತೆ ಆತಾರಂಗಿ' ಎಂಬ ಕಲಿಕೆಯ ಚಳವಳಿ ಆಗಲೇ ಇತ್ತು. ಬಣ್ಣಬಣ್ಣದ ಮರದ ಕಡ್ಡಿಗಳನ್ನು ಮೇಜಿನ ಮೇಲಿಟ್ಟು, ಎತ್ತಿ, ಕೊಟ್ಟು, ತೆಗೆದುಕೊಂಡು, ಪುಸ್ತಕವಿಲ್ಲದೆ ಮಾತಿನಲ್ಲೇ ಕಲಿಸುವ ಕ್ರಮ ಅದರದು. ಮಗು ಗೂಡಿನಲ್ಲಿ, ತಾಯಿ ಸಂಜೆಯ ತರಗತಿಯಲ್ಲಿ. ಮನೆಯಿಂದ ಹೋದ ಮಾತು ಹೀಗೆ ಮಗುವಿನ ಹಿಂದೆ ಮನೆಗೆ ಬರಬೇಕೆಂಬುದು ಲೆಕ್ಕಾಚಾರ.

ಮೂರೇ ವರ್ಷದಲ್ಲಿ ಗೂಡುಗಳ ಸಂಖ್ಯೆ 300 ದಾಟಿತು. 1990ರ ದಶಕದ ಮೊದಲ ಭಾಗದಲ್ಲಿ 800ಕ್ಕೂ ಹೆಚ್ಚು ಗೂಡು, 14,000 ಮಕ್ಕಳು. ಶಿಶುಶಾಲೆಗೆ ಹೋಗುವ ಮಾವೊರಿ ಮಕ್ಕಳಲ್ಲಿ ಹೆಚ್ಚುಕಡಿಮೆ ಅರ್ಧದಷ್ಟು ಇಲ್ಲಿಯೇ.

ಐದನೇ ಹುಟ್ಟುಹಬ್ಬ

ನ್ಯೂಜಿಲೆಂಡಿನಲ್ಲಿ ಮಕ್ಕಳು ಸಾಮಾನ್ಯವಾಗಿ ಐದು ತುಂಬುತ್ತಲೇ ಶಾಲೆ ಸೇರುತ್ತಾರೆ. ಎಲ್ಲರೂ ಜೂನ್ ಒಂದಕ್ಕೆ ಒಟ್ಟಿಗೆ ಹೋಗುವ ನಮ್ಮ ಪದ್ಧತಿ ಅಲ್ಲಿಲ್ಲ. ಹೀಗಾಗಿ ಗೂಡಿನ ಮಗು ತನ್ನ ಹುಟ್ಟುಹಬ್ಬ ಮುಗಿಸಿ ಒಂಟಿಯಾಗಿ ಇಂಗ್ಲಿಷ್ ತರಗತಿಯೊಳಗೆ ಕಾಲಿಡುತ್ತಿತ್ತು. ಹೊಸ ಟೀಚರಿಗೆ ಅದರ ಹೆಸರನ್ನು ಸರಿಯಾಗಿ ಕರೆಯಲೂ ಬರದಿರಬಹುದು. ನಾಲ್ಕು ವರ್ಷ ಕಟ್ಟಿದ ಮಾತು ಕೆಲವೇ ತಿಂಗಳಲ್ಲಿ ಬಾಯಿಂದ ಜಾರುವುದನ್ನು ತಂದೆತಾಯಿ ಕಣ್ಣಾರೆ ಕಂಡರು.

ಸರಕಾರ ಏನಾದರೂ ಮಾಡೀತೆಂದು ಅವರು ಕಾಯಲಿಲ್ಲ. 1985ರಲ್ಲಿ ಆಕ್ಲೆಂಡಿನ ಹೊವಾನಿ ವೈತಿತಿ ಮರಯ್‌ನಲ್ಲಿ ಮಾವೊರಿ ಮಾಧ್ಯಮದ ಪ್ರಾಥಮಿಕ ಶಾಲೆಯೊಂದನ್ನು ತಾವೇ ತೆರೆದರು. 'ಕುರಾ ಕೌಪಪ ಮಾವೊರಿ' ಎಂದು ಅದರ ಹೆಸರು. ಅದಕ್ಕೆ ಕಾನೂನಿನ ಮಾನ್ಯತೆ ಸಿಕ್ಕಿದ್ದು 1989ರಲ್ಲಿ. ಅಷ್ಟರಲ್ಲಿ 1986ರ ಟ್ರಿಬ್ಯೂನಲ್ ವರದಿ ಭಾಷೆಯನ್ನು ಒಪ್ಪಂದದಡಿ ಕಾಪಾಡಬೇಕಾದ ಸೊತ್ತು ಎಂದು ಸಾರಿತ್ತು, 1987ರಲ್ಲಿ ಮಾವೊರಿ ಅಧಿಕೃತ ಭಾಷೆಯೂ ಆಗಿತ್ತು. ಕ್ರಮವನ್ನು ಗಮನಿಸಿ: ಮೊದಲು ಹಸುಗೂಸುಗಳು, ಆಮೇಲೆ ಶಾಲೆ, ಕಟ್ಟಕಡೆಗೆ ಕಾಯ್ದೆ.

ಇಳಿಜಾರು

1990ರಲ್ಲಿ ಗೂಡುಗಳ ಮೇಲ್ವಿಚಾರಣೆ ಮಾವೊರಿ ವ್ಯವಹಾರಗಳ ಇಲಾಖೆಯಿಂದ ಶಿಕ್ಷಣ ಸಚಿವಾಲಯಕ್ಕೆ ಹೋಯಿತು. ಅನುದಾನ ನಿಶ್ಚಿತವಾಯಿತು, ಅದರ ಜೊತೆಗೆ ನಿಯಮಾವಳಿ ಬಂತು. ಮಗುವಿಗೆ ಇಷ್ಟು ಜಾಗ, ಇಂಥ ಶೌಚಾಲಯ, ಇಂಥ ಅಡುಗೆಮನೆ, ಇಂಥ ದಾಖಲೆಪುಸ್ತಕ. ಇವೆಲ್ಲ ಕೆಟ್ಟದ್ದೆಂದು ನಾನು ಹೇಳಲಾರೆ. ಮಕ್ಕಳ ಸುರಕ್ಷತೆಯಲ್ಲಿ ರಾಜಿ ಇರಬಾರದು. ಆದರೆ ಹಳೆಯ ಮರಯ್‌ನ ಅಡುಗೆಮನೆಯಲ್ಲಿ ನಡೆಯುತ್ತಿದ್ದ ಗೂಡಿಗೆ ಆ ಪಟ್ಟಿ ದೊಡ್ಡ ಹೊರೆಯೇ.

1996ರಲ್ಲಿ ದೇಶದ ಶಿಶುಶಿಕ್ಷಣಕ್ಕೆ 'ತೆ ಫಾರಿಕಿ' ಎಂಬ ಪಠ್ಯಕ್ರಮ ಬಂತು. ಟ್ರಸ್ಟಿನ ಪರವಾಗಿ ತಿಲ್ಲಿ ಮತ್ತು ತಾಮತಿ ರೀಡಿ ದಂಪತಿ, ಇನ್ನೊಂದು ಕಡೆಯಿಂದ ಹೆಲೆನ್ ಮೇ ಮತ್ತು ಮಾರ್ಗರೆಟ್ ಕಾರ್ ಸೇರಿ ರೂಪಿಸಿದ್ದು. ಎರಡು ಭಾಷೆಯಲ್ಲಿದ್ದ ಆ ಪಠ್ಯಕ್ರಮವನ್ನು ಜಗತ್ತು ಮೆಚ್ಚಿತು. ಕಾಗದದಲ್ಲಿ ಮಾವೊರಿ ದೃಷ್ಟಿಗೆ ಇಷ್ಟು ಗೌರವ ಸಿಕ್ಕ ಕಾಲದಲ್ಲೇ ಗೂಡುಗಳು ಮುಚ್ಚತೊಡಗಿದ್ದವು ಎಂಬುದು ಈ ಪ್ರಕರಣದ ವಿಚಿತ್ರ.

ಪೆಟ್ಟು ಬಿದ್ದದ್ದು ಹಣದ ಸೂತ್ರದಿಂದ. 2002ರಲ್ಲಿ ಸರಕಾರ ಶಿಶುಶಿಕ್ಷಣಕ್ಕೆ ಹತ್ತು ವರ್ಷದ ಯೋಜನೆ ತಂದು, ನೋಂದಾಯಿತ ಶಿಕ್ಷಕಿಯರಿರುವುದೇ ಗುಣಮಟ್ಟ ಎಂದು ಹಿಡಿಯಿತು. ಅಂಥವರು ಹೆಚ್ಚಿದ್ದಷ್ಟೂ ಕೇಂದ್ರಕ್ಕೆ ಸಿಗುವ ಅನುದಾನದ ದರ ಹೆಚ್ಚು. ಗೂಡಿನ ಅಜ್ಜಿ ಆ ಪಟ್ಟಿಯಲ್ಲಿ ಬರುವುದಿಲ್ಲ. ಟ್ರಸ್ಟು ತನ್ನದೇ ಮೂರು ವರ್ಷದ ತರಬೇತಿಯನ್ನು ನಡೆಸುತ್ತಿತ್ತು, ಅದಕ್ಕೂ ಆ ತೂಕ ಸಿಗಲಿಲ್ಲ. ಕುಟುಂಬಗಳೇ ನಡೆಸುವ ಗೂಡಿಗೆ ಕಡಿಮೆ ದರ, ಶಿಕ್ಷಕಿಯರು ನಡೆಸುವ ಪಕ್ಕದ ಕೇಂದ್ರಕ್ಕೆ ಹೆಚ್ಚು. ಇತ್ತ ದುಡಿಯಲು ಹೋಗುವ ತಾಯಂದಿರಿಗೆ ದಿನಾ ಗೂಡಿನಲ್ಲಿ ಕೂರಲು ಪುರುಸೊತ್ತಿಲ್ಲ. ಭಾಷೆ ಬರುವ ಹಿರಿಯರು ಒಬ್ಬೊಬ್ಬರಾಗಿ ತೀರಿಹೋಗುತ್ತಿದ್ದರು. 2010ರ ದಶಕದ ಮೊದಲಿಗೆ ಗೂಡುಗಳು 460ರ ಆಸುಪಾಸಿಗೆ, ಮಕ್ಕಳು 9,000ದ ಆಸುಪಾಸಿಗೆ ಇಳಿದರು.

2011ರಲ್ಲಿ ಟ್ರಸ್ಟು ವೈತಂಗಿ ಟ್ರಿಬ್ಯೂನಲ್ ಮೊರೆಹೊಕ್ಕಿತು. 2012ರ ವರದಿ ಟ್ರಸ್ಟಿನ ಪರವಾಗಿತ್ತು: ಶಿಕ್ಷಕಿಯರು ನಡೆಸುವ ಕೇಂದ್ರಗಳಿಗೆ ಹೊಲಿದ ಅಂಗಿಯನ್ನು ಗೂಡುಗಳಿಗೆ ತೊಡಿಸಿ ಸರಕಾರ ಒಪ್ಪಂದದ ಹೊಣೆಯಲ್ಲಿ ತಪ್ಪಿದೆ ಎಂಬುದು ಅದರ ಸಾರ.

ಭಾಷೆ ಉಳಿಯಿತೇ? 2001ರ ಜನಗಣತಿಯಲ್ಲಿ ಮಾವೊರಿಗಳಲ್ಲಿ ಶೇ. 25ರಷ್ಟು ಜನ ತಮ್ಮ ಭಾಷೆಯಲ್ಲಿ ಸಂಭಾಷಿಸಬಲ್ಲೆವು ಎಂದಿದ್ದರು, 2013ರಲ್ಲಿ ಶೇ. 21. ಇದನ್ನು ಹಿಡಿದು ಗೂಡು ಸೋತಿತು ಎನ್ನುವವರಿದ್ದಾರೆ. ನಾನು ಒಪ್ಪುವುದಿಲ್ಲ. ಬೆಂಟನ್ ಕಂಡ ಆ ಹಿರಿಯ ತಲೆಮಾರು ಈ ನಡುವೆ ಹೆಚ್ಚುಕಡಿಮೆ ಮುಗಿದೇ ಹೋಯಿತು. ಗೂಡುಗಳಿಲ್ಲದಿದ್ದರೆ ಅಂಕಿ ನೆಲಕಚ್ಚುತ್ತಿತ್ತು. ಮೊದಲ ಗೂಡುಗಳ ಮಕ್ಕಳು ಈಗ ಶಿಕ್ಷಕರು, ತಂದೆತಾಯಿಗಳು. ಆದರೆ ಗೂಡೊಂದರಿಂದಲೇ ಭಾಷೆ ಮನೆಗೆ ವಾಪಸಾಗಲಿಲ್ಲ ಎಂಬುದೂ ಅಷ್ಟೇ ನಿಜ. ದಿನಕ್ಕೆ ಆರು ಗಂಟೆ ಮಾವೊರಿ ಆಡಿದ ಮಗು ಮನೆಗೆ ಬಂದು ಟಿವಿ ಹಾಕಿದರೆ ಇಂಗ್ಲಿಷ್, ಅಪ್ಪ ಬಂದರೆ ಇಂಗ್ಲಿಷ್. ಹವಾಯಿಯ 'ಪೂನಾನ ಲೆಯೊ' ಶಿಶುಶಾಲೆಗಳು 1984ರಿಂದ, ಫಿನ್ಲೆಂಡಿನಲ್ಲಿ ಅಲ್ಲಿನ ಮೂಲನಿವಾಸಿಗಳ ಇನಾರಿ ಸಾಮಿ ಭಾಷೆಯ ಗೂಡುಗಳು 1997ರಿಂದ ಇದೇ ಮಾದರಿಯನ್ನು ಹಿಡಿದು ಇದೇ ಗೋಡೆಗೆ ಎದುರಾದವು.

ಇಲ್ಲಿಗೆ ಏನು ಸಂಬಂಧ

ಕರ್ನಾಟಕಕ್ಕೆ ಈ ಮಾದರಿಯನ್ನು ಹಾಗೆಯೇ ತರಲು ಬರುವುದಿಲ್ಲ. ನಮ್ಮ ಬಂಜಾರ ತಾಂಡಾದಲ್ಲಿ, ಸೋಲಿಗರ ಪೋಡಿನಲ್ಲಿ, ಕರಾವಳಿಯ ತುಳು ಮನೆಯಲ್ಲಿ ಮಗು ಮಾತನ್ನು ಮನೆಯಿಂದ ಹೊತ್ತುಕೊಂಡೇ ಬರುತ್ತದೆ. ಮಾವೊರಿಗಳು ಕಳೆದುಕೊಂಡದ್ದನ್ನು ಮರಳಿ ಕಟ್ಟಬೇಕಿತ್ತು. ಅಲ್ಲದೆ ಈ ಮಕ್ಕಳಿಗೆ ಕನ್ನಡವೂ ಬೇಕು. ಬೇರೆ ಭಾಷೆಗೆ ಪೂರ್ತಿ ಬಾಗಿಲು ಹಾಕುವ ಗೂಡಿನ ನಿಯಮ ಇಲ್ಲಿ ಕೆಲಸಕ್ಕೆ ಬಾರದು. ಕೊಡವ ತಕ್ಕ್‌ನ ಸ್ಥಿತಿ ಮಾತ್ರ ಬೇರೆ: 2011ರ ಜನಗಣತಿಯಲ್ಲಿ ಅದನ್ನು ಆಡುವವರು 1.13 ಲಕ್ಷ. ಅಲ್ಲಿನ ಪುಟ್ಟ ಮಕ್ಕಳ ವಿಷಯದಲ್ಲಿ ವೈನುಯೊಮಾತ ಅಷ್ಟೇನೂ ದೂರವಲ್ಲ.

ಕ್ರಮದ ಮಾತು ಬಂದರೆ ನಾವು ಪೂರ್ತಿ ಉಲ್ಟಾ. 2007ರಲ್ಲಿ ಕೊಂಕಣಿ, 2010ರಲ್ಲಿ ತುಳು ಶಾಲೆಯೊಳಗೆ ಬಂದವು. ಹೋರಾಟ ಮಾಡಿ ಪಡೆದದ್ದು, ಸಂತೋಷ. ಆದರೆ ಬಂದದ್ದು ಆರನೇ ತರಗತಿಯಿಂದ, ಮೂರನೆಯ ಭಾಷೆಯಾಗಿ. ಮಗುವಿಗೆ ಹನ್ನೊಂದು ತುಂಬಿದ ಮೇಲೆ ಅದರ ಮನೆಮಾತನ್ನು ಪರೀಕ್ಷೆಯ ವಿಷಯ ಮಾಡಿ ಕೊಡುತ್ತೇವೆ. ಮಾತೃಭಾಷಾ ಮಾಧ್ಯಮದ ಜಗಳ ಸುಪ್ರೀಂ ಕೋರ್ಟಿನಲ್ಲಿ 2014ರಲ್ಲಿ ಮುಗಿದಾಗಲೂ ಚರ್ಚೆಯಲ್ಲಿ ಇದ್ದವರು ಒಂದರಿಂದ ನಾಲ್ಕನೇ ತರಗತಿಯ ಮಕ್ಕಳು. ಮೂರು ವರ್ಷದ ಮಗು ಯಾರ ವಾದದಲ್ಲೂ ಇರಲಿಲ್ಲ. 2020ರ ರಾಷ್ಟ್ರೀಯ ಶಿಕ್ಷಣ ನೀತಿ ಸಾಧ್ಯವಿದ್ದಲ್ಲೆಲ್ಲ ಮನೆಮಾತಿನಲ್ಲಿ ಕಲಿಸಿ ಎನ್ನುತ್ತದೆ. ಆ 'ಸಾಧ್ಯವಿದ್ದಲ್ಲೆಲ್ಲ' ಎಂಬುದರೊಳಗೆ ಎಷ್ಟು ಬೇಕಾದರೂ ನುಸುಳಿಕೊಳ್ಳಬಹುದು.

ನಮ್ಮಲ್ಲಿ ಕಟ್ಟಡ ಇದೆ, ಊಟ ಇದೆ, ಹಾಜರಿ ಪುಸ್ತಕ ಇದೆ. 1975ರಲ್ಲಿ ದೇಶದ 33 ಬ್ಲಾಕುಗಳಲ್ಲಿ ಅಂಗನವಾಡಿ ಯೋಜನೆ ಶುರುವಾದಾಗ ಮೈಸೂರು ಜಿಲ್ಲೆಯ ತಿ. ನರಸೀಪುರ ಅದರಲ್ಲೊಂದು. ಹಾಗಾಗಿ ಹೊಸ ಗೂಡು ಕಟ್ಟುವ ಮಾತು ಬೇಡ. ಈಗಿರುವ ಕೋಣೆಯಲ್ಲಿ ಯಾರು ಏನು ಮಾಡುತ್ತಾರೆ ನೋಡೋಣ. ಕಾರ್ಯಕರ್ತೆ ಬೇರೆ ಬೀದಿಯವಳೋ ಬೇರೆ ಊರಿನವಳೋ ಆಗಿದ್ದರೂ ಸಹಾಯಕಿ ಅನೇಕ ಕಡೆ ಅದೇ ತಾಂಡಾದ, ಅದೇ ಹಾಡಿಯ ಹೆಂಗಸು. ಬೆಳಿಗ್ಗೆ ಅಳುವ ಮಗುವನ್ನು ಮನೆಯಿಂದ ಎತ್ತಿಕೊಂಡು ಬರುವವಳು ಅವಳೇ, ಅದರ ಮಾತಿನಲ್ಲಿ ಸಮಾಧಾನ ಮಾಡುವವಳೂ ಅವಳೇ. ಅಷ್ಟಾದ ಮೇಲೆ ಒಲೆ ಹಚ್ಚಲು ಹೋಗುತ್ತಾಳೆ. ಕಾರ್ಯಕರ್ತೆ ಕನ್ನಡದಲ್ಲಿ ಶಿಶುಗೀತೆ ಶುರುಮಾಡುತ್ತಾಳೆ, ಮಗು ಅಡುಗೆಮನೆಯ ಬಾಗಿಲು ನೋಡುತ್ತ ಕೂರುತ್ತದೆ.

ಸಹಾಯಕಿಯ ಕೆಲಸದ ಪಟ್ಟಿಯಲ್ಲಿ ಅಡುಗೆ ಇದೆ, ಗುಡಿಸುವುದು ಇದೆ, ಮಕ್ಕಳನ್ನು ಕರೆತರುವುದು ಇದೆ. ದಿನಕ್ಕೆ ಒಂದು ಗಂಟೆ ಅವಳು ಮಕ್ಕಳ ನಡುವೆ ಕೂತು ಅವರ ಮಾತಿನಲ್ಲಿ ಕಥೆ ಹೇಳುವುದನ್ನು ಕಲಿಸುವ ಕೆಲಸ ಎಂದೇ ಆ ಪಟ್ಟಿಯಲ್ಲಿ ಬರೆದು, ಗೌರವಧನದಲ್ಲಿ ಅದಕ್ಕೆ ಬೇರೆಯೇ ಮೊತ್ತ ಇಡಬಹುದು. ಆ ಒಂದು ಗಂಟೆ ಅಡುಗೆ ಯಾರು ನೋಡಿಕೊಳ್ಳುತ್ತಾರೆ ಎಂಬ ಪ್ರಶ್ನೆ ಮೊದಲ ಸಭೆಯಲ್ಲೇ ಎದ್ದೇಳುತ್ತದೆ. ಗೂಡುಗಳಲ್ಲಿ ಅದು ತಾಯಂದಿರ ಪಾಳಿಯಾಗಿತ್ತು. ಕೂಲಿ ತಪ್ಪಿಸಿಕೊಂಡು ಬರಲಾಗದ ತಾಯಂದಿರ ತಾಂಡಾದಲ್ಲಿ ಅದು ನಡೆಯದು. ಅಲ್ಲಿಗೆ ಇನ್ನೊಬ್ಬಳು ಸಹಾಯಕಿಯ ಖರ್ಚನ್ನು ಇಲಾಖೆಯೇ ಹೊರಬೇಕು.